ಅಮೆರಿಕದ ಹೈಸ್ಕೂಲ್ ಜಿಪಿಎ: ಯಾರ ಲೆಕ್ಕದಲ್ಲಿ ಎಷ್ಟು?

ಊರಿನಿಂದ ಫೋನ್ ಮಾಡಿದವರು "ಮಗಳಿಗೆ ಎಷ್ಟು ಪರ್ಸೆಂಟ್ ಬಂತು?" ಎಂದು ಕೇಳಿದರೆ, ಅಮೆರಿಕದ ಹೈಸ್ಕೂಲಿನಲ್ಲಿ ಓದುವ ಮಕ್ಕಳ ಅಪ್ಪ, ಅಮ್ಮ ತಡವರಿಸುತ್ತಾರೆ. ಎಸ್ಸೆಸ್ಸೆಲ್ಸಿಯಲ್ಲಿ 625ಕ್ಕೆ 580 ಎಂದರೆ ಬೀದರಿನಿಂದ ಚಾಮರಾಜನಗರದ ತನಕ ಒಂದೇ ಅರ್ಥ. ಇಲ್ಲಿ ದೇಶಕ್ಕೆಲ್ಲ ಒಂದು ಬೋರ್ಡ್ ಪರೀಕ್ಷೆ ಇಲ್ಲ. ಒಂಬತ್ತರಿಂದ ಹನ್ನೆರಡನೇ ತರಗತಿಯ ತನಕ, ಪಾಠ ಮಾಡಿದ ಟೀಚರುಗಳೇ ಕೊಟ್ಟ ಗ್ರೇಡುಗಳನ್ನು ಕೂಡಿಸಿ ಸರಾಸರಿ ತೆಗೆದದ್ದೇ ಜಿಪಿಎ (ಗ್ರೇಡ್ ಪಾಯಿಂಟ್ ಆವರೇಜ್). ಆ ಸರಾಸರಿಯನ್ನು ಹೇಗೆ ತೆಗೆಯಬೇಕು ಎಂಬುದನ್ನು ಒಂದೊಂದು ಸ್ಕೂಲ್ ಡಿಸ್ಟ್ರಿಕ್ಟೂ (ಒಂದು ಪ್ರದೇಶದ ಸರ್ಕಾರಿ ಶಾಲೆಗಳನ್ನು ನಡೆಸುವ ಆಡಳಿತ) ತನ್ನದೇ ರೀತಿಯಲ್ಲಿ ತೀರ್ಮಾನಿಸುತ್ತದೆ. ಹಾಗಾಗಿ "4.2 ಬಂದಿದೆ" ಎಂದು ಯಾರಾದರೂ ಹೇಳಿದರೆ, ಯಾವ ಅಳತೆಗೋಲಿನಲ್ಲಿ ಎಂದು ಗೊತ್ತಾಗುವ ತನಕ ಅದಕ್ಕೆ ಬೆಲೆ ಕಟ್ಟಲಾಗದು.

ಮೊದಲು ಮೂಲ ಲೆಕ್ಕ. ಎ ಗ್ರೇಡಿಗೆ 4, ಬಿಗೆ 3, ಸಿಗೆ 2, ಡಿಗೆ 1, ಎಫ್‌ಗೆ ಸೊನ್ನೆ. ಪ್ಲಸ್, ಮೈನಸ್ ಬಳಸುವ ಶಾಲೆಗಳಲ್ಲಿ ಎ ಮೈನಸ್ 3.7, ಬಿ ಪ್ಲಸ್ 3.3, ಬಿ ಮೈನಸ್ 2.7, ಹೀಗೆ ಇಳಿಯುತ್ತದೆ. ಎ ಪ್ಲಸ್ ಕೊಟ್ಟರೂ ಬಹಳ ಕಡೆ ಅದು 4.0 ಮಾತ್ರ, ಕೆಲವು ಶಾಲೆಗಳು 4.3 ಹಾಕುತ್ತವೆ. ಎಷ್ಟು ಪರ್ಸೆಂಟಿಗೆ ಯಾವ ಗ್ರೇಡ್ ಎಂಬುದೂ ಎಲ್ಲ ಕಡೆ ಒಂದೇ ಅಲ್ಲ. ಬಹುಪಾಲು ಶಾಲೆಗಳಲ್ಲಿ 90ರಿಂದ ಎ ಶುರುವಾದರೆ, ಕೆಲವು ಕಡೆ 93 ಬೇಕು.

ನಮ್ಮವರು ಎಡವುವುದು ಇಲ್ಲೇ. ಪರ್ಸೆಂಟಿನ ಸರಾಸರಿ ಬೇರೆ, ಜಿಪಿಎ ಬೇರೆ. ಪ್ಲಸ್, ಮೈನಸ್ ಇಲ್ಲದ ಶಾಲೆಯೊಂದರಲ್ಲಿ ಒಬ್ಬನಿಗೆ ಮೂರು ವಿಷಯದಲ್ಲಿ 98, ಇನ್ನು ಮೂರರಲ್ಲಿ 89 ಬಂದಿದೆ ಎನ್ನಿ. ಸರಾಸರಿ 93.5, ಆದರೆ ಜಿಪಿಎ 3.5. ಪಕ್ಕದ ಬೆಂಚಿನವಳಿಗೆ ಆರರಲ್ಲೂ ಬರೀ 90. ಸರಾಸರಿ 90, ಜಿಪಿಎ 4.0. ಗಣಿತದಲ್ಲಿ ನೂರಕ್ಕೆ ನೂರು ತೆಗೆದು ಇಂಗ್ಲಿಷಿನಲ್ಲಿ ಬಿದ್ದುಹೋದದ್ದನ್ನು ಸರಿತೂಗಿಸುವ ನಮ್ಮ ಹಳೆಯ ಉಪಾಯ ಇಲ್ಲಿ ನಡೆಯುವುದಿಲ್ಲ. 98ನ್ನು 100 ಮಾಡಲು ಟ್ಯೂಷನ್‌ಗೆ ಹಾಕುವ ಹೊತ್ತನ್ನು 88ನ್ನು 90 ಮಾಡಲು ಹಾಕಿದರೆ ಲಾಭ.

ಆ ಪರ್ಸೆಂಟ್ ಬರುವುದು ಎಲ್ಲಿಂದ ಎಂಬುದನ್ನೂ ನೋಡಿಕೊಳ್ಳಿ. ಪವರ್‌ಸ್ಕೂಲ್, ಇನ್ಫಿನಿಟ್ ಕ್ಯಾಂಪಸ್, ಕ್ಯಾನ್ವಾಸ್‌ನಂಥ ಪೋರ್ಟಲಿನಲ್ಲಿ ಟೀಚರ್ ಇಟ್ಟಿರುವ ಗ್ರೇಡ್‌ಬುಕ್ ಕಾಣುತ್ತದೆ. ಅದರಲ್ಲಿ ಟೆಸ್ಟಿಗೆ ಇಷ್ಟು, ಕ್ವಿಜ್‌ಗೆ ಇಷ್ಟು, ಹೋಮ್‌ವರ್ಕಿಗೆ ಇಷ್ಟು ಎಂದು ಪಾಲು ಹಂಚಿರುತ್ತದೆ. ಹೋಮ್‌ವರ್ಕಿನ ಪಾಲು 20 ಪರ್ಸೆಂಟ್ ಎಂದುಕೊಳ್ಳಿ. ಹತ್ತು ಹೋಮ್‌ವರ್ಕಿನಲ್ಲಿ ಒಂಬತ್ತಕ್ಕೆ 95 ಬಂದು, ಒಂದನ್ನು ಹುಡುಗ ಸಲ್ಲಿಸುವುದನ್ನೇ ಮರೆತ. ಆ ಸೊನ್ನೆಯಿಂದ ಹೋಮ್‌ವರ್ಕಿನ ಸರಾಸರಿ 95ರಿಂದ 85.5ಕ್ಕೆ ಬೀಳುತ್ತದೆ. ಒಟ್ಟು ಗ್ರೇಡಿನಲ್ಲಿ ಹೋಗುವುದು 1.9 ಅಂಕ ಮಾತ್ರ. ಆದರೆ ಮೊದಲು 91 ಇದ್ದದ್ದು ಈಗ 89.1, ಎ ಹೋಗಿ ಬಿ. ಟೆಸ್ಟುಗಳನ್ನೆಲ್ಲ ಚೆನ್ನಾಗಿ ಬರೆದ ಮಗುವಿನ ಗ್ರೇಡ್ ಕೆಳಗಿದ್ದರೆ ಮೊದಲು 'ಮಿಸ್ಸಿಂಗ್' ಎಂಬ ಗುರುತು ಎಷ್ಟಿದೆ ಎಂದು ಎಣಿಸಿ. ತಡವಾಗಿ ಕೊಟ್ಟರೂ ಅರ್ಧ ಅಂಕ ಕೊಡುವ ಟೀಚರುಗಳಿದ್ದಾರೆ. ಸೊನ್ನೆಗಿಂತ ಆ ಅರ್ಧ ಎಷ್ಟೋ ವಾಸಿ.

ಪೋರ್ಟಲಿನಲ್ಲಿ ಕಾಣುವ ಎಲ್ಲ ಗ್ರೇಡೂ ಶಾಶ್ವತವಲ್ಲ. ಟ್ರಾನ್ಸ್‌ಕ್ರಿಪ್ಟಿಗೆ, ಅಂದರೆ ಹೈಸ್ಕೂಲಿನ ಎಲ್ಲ ವರ್ಷಗಳ ಅಧಿಕೃತ ದಾಖಲೆಗೆ, ಹತ್ತುವುದು ಮಾತ್ರ ಲೆಕ್ಕಕ್ಕೆ ಬರುತ್ತದೆ. ಕ್ಯಾಲಿಫೋರ್ನಿಯಾದಲ್ಲಿ ಸಾಮಾನ್ಯವಾಗಿ ಪ್ರತಿ ಸೆಮಿಸ್ಟರಿನ ಕೊನೆಯ ಗ್ರೇಡ್ ಬೇರೆ ಬೇರೆಯಾಗಿ ಹತ್ತುತ್ತದೆ. ಇನ್ನು ಕೆಲವು ಡಿಸ್ಟ್ರಿಕ್ಟುಗಳಲ್ಲಿ ವರ್ಷಕ್ಕೆ ಒಂದೇ ಅಂತಿಮ ಗ್ರೇಡ್. ನಿಮ್ಮ ಶಾಲೆ ಯಾವ ಬಗೆ ಎಂದು ಆಗಸ್ಟಿನಲ್ಲೇ ಕೇಳಿಟ್ಟುಕೊಳ್ಳಿ. ಡಿಸೆಂಬರಿನ ಬಿ ಜೂನ್ ತನಕ ತಿದ್ದಲು ಸಿಗುತ್ತದೋ, ಅಲ್ಲೇ ಗಟ್ಟಿಯಾಗುತ್ತದೋ ಎಂಬುದು ಇದರ ಮೇಲೆ ನಿಂತಿದೆ.

ಒಂದೇ ರಿಪೋರ್ಟ್ ಕಾರ್ಡ್, ನಾಲ್ಕು ಜಿಪಿಎ

ಹತ್ತನೇ ತರಗತಿಯ ಒಂದು ಸೆಮಿಸ್ಟರನ್ನೇ ತೆಗೆದುಕೊಳ್ಳೋಣ. ಇಂಗ್ಲಿಷ್ ಬಿ ಪ್ಲಸ್, ಆಲ್ಜೀಬ್ರಾ 2 ಆನರ್ಸ್ ಎ ಮೈನಸ್, ಕೆಮಿಸ್ಟ್ರಿ ಬಿ, ಎಪಿ ವರ್ಲ್ಡ್ ಹಿಸ್ಟರಿ ಬಿ ಪ್ಲಸ್, ಸ್ಪ್ಯಾನಿಷ್ ಎ, ಪಿಇ ಎ. ಆರಕ್ಕೂ ತಲಾ 5 ಕ್ರೆಡಿಟ್ (ಕೋರ್ಸಿನ ಗಾತ್ರದ ಅಳತೆ). ಆನರ್ಸ್ ಎಂದರೆ ಅದೇ ವಿಷಯದ ಹೆಚ್ಚು ಕಷ್ಟದ ಕೋರ್ಸ್, ಎಪಿ ಎಂದರೆ ಹೈಸ್ಕೂಲಿನಲ್ಲೇ ಕಲಿಸುವ ಕಾಲೇಜು ಮಟ್ಟದ ಕೋರ್ಸ್, ಪಿಇ ಎಂದರೆ ದೈಹಿಕ ಶಿಕ್ಷಣ.

ಪ್ಲಸ್, ಮೈನಸ್ ಸೇರಿಸಿದರೆ 3.3, 3.7, 3.0, 3.3, 4.0, 4.0. ಕೂಡಿದರೆ 21.3, ಆರರಿಂದ ಭಾಗಿಸಿದರೆ 3.55. ಇದು ಅನ್‌ವೇಟೆಡ್ ಜಿಪಿಎ.

ಕಷ್ಟದ ಕೋರ್ಸಿಗೆ ಹೆಚ್ಚು ತೂಕ ಕೊಟ್ಟರೆ ಅದು ವೇಟೆಡ್. ಬಹಳ ಕಡೆ ಎಪಿ ಮತ್ತು ಐಬಿಗೆ (ಇಂಟರ್‌ನ್ಯಾಷನಲ್ ಬ್ಯಾಕಲೋರಿಯೇಟ್ ಕೋರ್ಸಿಗೆ) 1, ಆನರ್ಸಿಗೆ 0.5 ಸೇರಿಸುತ್ತಾರೆ. ಇಲ್ಲಿ ಒಂದು ಎಪಿ, ಒಂದು ಆನರ್ಸ್, 21.3ಕ್ಕೆ 1.5 ಸೇರಿ 22.8, ಭಾಗಿಸಿದರೆ 3.80. ಇದೇ ಮಗು ಪ್ಲಸ್, ಮೈನಸ್ ಇಲ್ಲದ ಶಾಲೆಯಲ್ಲಿದ್ದರೆ ಅನ್‌ವೇಟೆಡ್ 3.5.

ಮೂರನೆಯದು, ಯೂನಿವರ್ಸಿಟಿ ಆಫ್ ಕ್ಯಾಲಿಫೋರ್ನಿಯಾ (ಯುಸಿ) ತಾನೇ ಲೆಕ್ಕ ಹಾಕುವ ಜಿಪಿಎ. ಅವರು ಪ್ಲಸ್, ಮೈನಸ್ ನೋಡುವುದಿಲ್ಲ. 'ಎ-ಜಿ' ಎಂದು ಕರೆಯುವ ಏಳು ಗುಂಪಿನ ಕೋರ್ಸುಗಳನ್ನು ಮಾತ್ರ ಎಣಿಸುವುದರಿಂದ ಪಿಇ ಹೊರಗೆ. ಉಳಿದ ಐದಕ್ಕೆ 3, 4, 3, 3, 4. ಒಟ್ಟು 17, ಸರಾಸರಿ 3.4. ಎಪಿಗೆ 1 ಸೇರಿದರೆ 18, ಆಗ 3.6. ಶಾಲೆ ಆನರ್ಸ್ ಎಂದು ಹೆಸರಿಟ್ಟ ಕೋರ್ಸಿಗೆಲ್ಲ ಯುಸಿ ಹೆಚ್ಚುವರಿ ಅಂಕ ಕೊಡುವುದಿಲ್ಲ. ತಾನು ಆನರ್ಸ್ ಎಂದು ಒಪ್ಪಿದ ಪಟ್ಟಿಯಲ್ಲಿರಬೇಕು. ಬೇರೆ ರಾಜ್ಯದಿಂದ ಅರ್ಜಿ ಹಾಕುವವರಿಗಂತೂ ಶಾಲೆಯ ಆನರ್ಸಿಗೆ ಏನೂ ಸಿಗದು.

ಹೀಗೆ 3.55, 3.80, 3.4, 3.6. ಮಗು ಅದೇ, ಓದಿದ್ದೂ ಅದೇ. ವಾಟ್ಸಾಪ್ ಗುಂಪಿನಲ್ಲಿ ಬೇರೆ ಊರಿನವರ 4.5 ನೋಡಿ ಮನೆಯಲ್ಲಿ ಮುಖ ಸಪ್ಪೆ ಮಾಡಿಕೊಳ್ಳುವ ಮುಂಚೆ ಇಷ್ಟು ನೆನಪಿರಲಿ.

ಕ್ರೆಡಿಟ್ ವಿಷಯ ಬಿಟ್ಟುಹೋಗಬಾರದು. ಆರೂ ಕೋರ್ಸಿಗೆ ಸಮ ಕ್ರೆಡಿಟ್ ಇದ್ದದ್ದರಿಂದ ಆರರಿಂದ ಭಾಗಿಸಿದರೆ ಸಾಕಾಯಿತು. ಪಿಇಗೆ 2.5 ಮಾತ್ರ ಇದ್ದರೆ ಪ್ರತಿ ಗ್ರೇಡನ್ನೂ ಅದರ ಕ್ರೆಡಿಟಿನಿಂದ ಗುಣಿಸಿ, ಕೂಡಿ, ಒಟ್ಟು ಕ್ರೆಡಿಟಿನಿಂದ ಭಾಗಿಸಬೇಕು: 17.3 ಗುಣಿಸು 5, ಅಂದರೆ 86.5, ಪಿಇಯಿಂದ 10, ಒಟ್ಟು 96.5. ಅದನ್ನು 27.5ರಿಂದ ಭಾಗಿಸಿದರೆ 3.51. ಮನೆಯ ಲೆಕ್ಕಕ್ಕೂ ಶಾಲೆಯ ಲೆಕ್ಕಕ್ಕೂ ಎರಡನೇ ದಶಮಾಂಶದಲ್ಲಿ ವ್ಯತ್ಯಾಸ ಬಂದರೆ ಮೊದಲು ಇದನ್ನೇ ಅನುಮಾನಿಸಿ. ಪಾಸ್/ಫೇಲ್ ಕೋರ್ಸಿನ 'ಪಿ' ಕ್ರೆಡಿಟ್ ಕೊಡುತ್ತದೆ, ಸರಾಸರಿಗೆ ಸೇರುವುದಿಲ್ಲ. 'ಐ' ಎಂದರೆ ಕೆಲಸ ಬಾಕಿ ಇದೆ ಎಂದು. ಕೊಟ್ಟ ಗಡುವಿನೊಳಗೆ ಮುಗಿಸದಿದ್ದರೆ ಬಹುಪಾಲು ಶಾಲೆಗಳಲ್ಲಿ ಎಫ್ ಆಗಿಬಿಡುತ್ತದೆ.

ವೇಟೆಡ್ ಲೆಕ್ಕದಲ್ಲಿ ಒಂದು ವಿಚಿತ್ರವಿದೆ. ಐದು ಎಪಿಯಲ್ಲೂ ಎ ಬಂದವಳ ಜಿಪಿಎ 5.0. ಅವಳೇ ಪ್ರೀತಿಯಿಂದ ಆರ್ಕೆಸ್ಟ್ರಾ ಸೇರಿ, ಅಲ್ಲೂ ಎ ತೆಗೆದರೆ 29 ಭಾಗಿಸು 6, ಅಂದರೆ 4.83. ಪಿಟೀಲು ನುಡಿಸಿದ್ದಕ್ಕೆ ದಂಡ! ರ‍್ಯಾಂಕಿನ ಚಿಂತೆ ಇರುವ ಮನೆಗಳಲ್ಲಿ ಇದೇ ಕಾರಣಕ್ಕೆ ಸಂಗೀತ ಬಿಡಿಸುತ್ತಾರೆ. ಕಾಲೇಜುಗಳು ಬಹಳಷ್ಟು ಸಲ ತಮ್ಮದೇ ರೀತಿಯಲ್ಲಿ ಜಿಪಿಎಯನ್ನು ಮತ್ತೆ ಲೆಕ್ಕ ಹಾಕುವುದರಿಂದ, ಆ 0.17ಕ್ಕಾಗಿ ಮಗುವಿನ ಇಷ್ಟದ ವಿಷಯ ಕಿತ್ತುಕೊಳ್ಳುವುದು ದಡ್ಡತನ ಎಂದೇ ನಮ್ಮ ಅಭಿಪ್ರಾಯ. ರ‍್ಯಾಂಕ್ ನಿಜಕ್ಕೂ ಬಾಗಿಲು ತೆರೆಯುವ ಕಡೆ ಮಾತ್ರ ಯೋಚಿಸಬಹುದು.

ಅಂಥ ರಾಜ್ಯ ಟೆಕ್ಸಾಸ್. 1997ರ ಕಾನೂನಿನಂತೆ ಅಲ್ಲಿನ ಹೈಸ್ಕೂಲಿನಲ್ಲಿ ಮೇಲಿನ 10 ಪರ್ಸೆಂಟಿನೊಳಗೆ ಬಂದವರಿಗೆ ರಾಜ್ಯದ ಸರ್ಕಾರಿ ವಿಶ್ವವಿದ್ಯಾಲಯಗಳಲ್ಲಿ ನೇರ ಪ್ರವೇಶ. ಆಸ್ಟಿನ್‌ನ ಯೂನಿವರ್ಸಿಟಿ ಆಫ್ ಟೆಕ್ಸಾಸಿಗೆ ಮಾತ್ರ ಮಿತಿ ಬಿಗಿ: ಮೊದಲು 6 ಪರ್ಸೆಂಟ್ ಇದ್ದದ್ದು 2026ರ ಫಾಲ್ (ಆಗಸ್ಟ್ ಸುಮಾರಿಗೆ ಶುರುವಾಗುವ ಸೆಮಿಸ್ಟರ್) ಪ್ರವೇಶದಿಂದ 5 ಪರ್ಸೆಂಟ್. ಅದೂ ವಿಶ್ವವಿದ್ಯಾಲಯಕ್ಕೆ ಪ್ರವೇಶ ಅಷ್ಟೇ. ಕಂಪ್ಯೂಟರ್ ಸೈನ್ಸ್ ಸೀಟು ಸಿಕ್ಕಿತು ಎಂದಲ್ಲ. ರ‍್ಯಾಂಕ್ ಹೇಗೆ ಕಟ್ಟಬೇಕೆಂಬುದನ್ನು ಡಿಸ್ಟ್ರಿಕ್ಟ್ ನಿರ್ಧರಿಸುತ್ತದೆ, ಯಾವ ಕೋರ್ಸ್ ರ‍್ಯಾಂಕಿಗೆ ಸೇರುತ್ತದೆ ಎಂಬ ಪಟ್ಟಿ ಅವರ ಬಳಿ ಇರುತ್ತದೆ.

ಜಾರ್ಜಿಯಾ ರಾಜ್ಯ ಕಾಲೇಜು ಓದಿಗೆ ಕೊಡುವ ಹೋಪ್ ಸ್ಕಾಲರ್‌ಶಿಪ್ಪಿನ ಲೆಕ್ಕ ಇನ್ನೊಂದು ಬಗೆ. ಅಟ್ಲಾಂಟಾ ಸುತ್ತಮುತ್ತಲಿನವರು ಗಮನಿಸಿ: ಅದಕ್ಕೆ 3.0 ಬೇಕು, ಝೆಲ್ ಮಿಲ್ಲರ್ ಸ್ಕಾಲರ್‌ಶಿಪ್ಪಿಗೆ 3.7 ಜೊತೆಗೆ ಬೇರೆ ಷರತ್ತುಗಳು. ರಾಜ್ಯದ ಸಂಸ್ಥೆ ಮುಖ್ಯ ವಿಷಯಗಳನ್ನು ಮಾತ್ರ ಎಣಿಸಿ, ಶಾಲೆ ಸೇರಿಸಿದ ತೂಕವನ್ನು ಕಳೆದು, ಎಪಿ, ಐಬಿಗೆ ತಾನೇ 0.5 ಸೇರಿಸುತ್ತದೆ, 4.0 ದಾಟಲು ಬಿಡುವುದಿಲ್ಲ. ರಿಪೋರ್ಟ್ ಕಾರ್ಡಿನಲ್ಲಿ 3.9 ಕಂಡು ನಿಶ್ಚಿಂತೆಯಿಂದಿದ್ದವರಿಗೆ ಈ ಲೆಕ್ಕದಲ್ಲಿ 3.6 ಬಂದರೆ ಆಶ್ಚರ್ಯವೇನಿಲ್ಲ.

ಯುಸಿಗೆ ಹಿಂತಿರುಗಿದರೆ, ಅವರು ಎಣಿಸುವುದು ಒಂಬತ್ತರ ನಂತರದ ಬೇಸಿಗೆಯಿಂದ ಹನ್ನೊಂದರ ನಂತರದ ಬೇಸಿಗೆಯ ತನಕದ ಗ್ರೇಡುಗಳನ್ನು. ಒಂಬತ್ತನೇ ತರಗತಿಯದ್ದು ಕಣ್ಣಿಗೆ ಬೀಳುತ್ತದೆ, ಜಿಪಿಎಗೆ ಸೇರದು. ಹೆಚ್ಚುವರಿ ಅಂಕ ಒಟ್ಟು 8 ಸೆಮಿಸ್ಟರಿಗೆ ಮಾತ್ರ, ಅದರಲ್ಲಿ ಹತ್ತನೇ ತರಗತಿಯದ್ದು 4 ಮೀರಬಾರದು. ಎರಡು ವರ್ಷದ 20 ಗ್ರೇಡುಗಳಲ್ಲಿ 14 ಎ, 6 ಬಿ ಎಂದರೆ 74, ಅಂದರೆ 3.7. ವರ್ಷವಿಡೀ ನಡೆಯುವ ಐದು ಎಪಿ ತೆಗೆದುಕೊಂಡಿದ್ದರೂ 10ರ ಬದಲು 8 ಮಾತ್ರ ಸೇರಿ 82, ಜಿಪಿಎ 4.1. ಡಿ ಅಥವಾ ಎಫ್ ಬಂದ ಎಪಿಗೆ ಹೆಚ್ಚುವರಿ ಇಲ್ಲ. ಡಿ, ಎಫ್ ಬಂದ ಕೋರ್ಸನ್ನು ಮತ್ತೆ ತೆಗೆದುಕೊಂಡರೆ ಹೊಸ ಗ್ರೇಡ್ ಒಪ್ಪುತ್ತಾರೆ, ಸಿಯನ್ನು ಎ ಮಾಡಲು ಮತ್ತೆ ಕೂತರೆ ಒಪ್ಪುವುದಿಲ್ಲ. ಅರ್ಜಿ ಹಾಕಲು ಕನಿಷ್ಠ ಅರ್ಹತೆ ರಾಜ್ಯದವರಿಗೆ 3.0, ಹೊರಗಿನವರಿಗೆ 3.4. ಅರ್ಹತೆ ಎಂದರೆ ಸೀಟಲ್ಲ ಎಂದು ಬೇರೆ ಹೇಳಬೇಕಿಲ್ಲ.

ಮೇ ತಿಂಗಳಲ್ಲಿ ನಡೆಯುವ ಎಪಿ ಪರೀಕ್ಷೆಯ 1ರಿಂದ 5ರ ಅಂಕಕ್ಕೂ ಜಿಪಿಎಗೂ ಸಾಮಾನ್ಯವಾಗಿ ಸಂಬಂಧವಿಲ್ಲ. ಪರೀಕ್ಷೆಯಲ್ಲಿ 5 ಬಂದರೂ ಕ್ಲಾಸಿನ ಬಿ ಬಿಯೇ.

ಊರಿನಿಂದ ನಡುವೆ ಬಂದ ಮಕ್ಕಳು

ಒಂಬತ್ತು ಅಥವಾ ಹತ್ತನ್ನು ಬೆಂಗಳೂರಿನಲ್ಲೋ ಹುಬ್ಬಳ್ಳಿಯಲ್ಲೋ ಮುಗಿಸಿ ಬಂದವರಿಗೆ ಜಾಗ್ರತೆ ಹೆಚ್ಚು ಬೇಕು. ನಮ್ಮಲ್ಲಿ 60 ಫಸ್ಟ್ ಕ್ಲಾಸ್. ಇಲ್ಲಿನ ಪಟ್ಟಿಯಲ್ಲಿ 60 ಎಂದರೆ ಡಿ. ಭಾರತದ ಅಂಕಗಳನ್ನು ಕಂಡರಿಯದ ಕೌನ್ಸೆಲರ್ 78ನ್ನು ಹಾಗೇ ಸಿ ಪ್ಲಸ್ ಎಂದು ಏರಿಸಿಬಿಡಬಹುದು. ಒಮ್ಮೆ ಟ್ರಾನ್ಸ್‌ಕ್ರಿಪ್ಟಿಗೆ ಹತ್ತಿದ್ದನ್ನು ತೆಗೆಸುವುದು ಕಷ್ಟ. ಆದ್ದರಿಂದ ಸೇರಿಸುವ ದಿನವೇ ಕೇಳಿ: ಹಳೆಯ ವಿಷಯಗಳಿಗೆ ಬರೀ ಕ್ರೆಡಿಟ್ ಕೊಟ್ಟು 'ಪಿ' ಎಂದು ಹಾಕುತ್ತೀರಾ, ಅಥವಾ ಗ್ರೇಡ್ ಆಗಿ ಬದಲಿಸುತ್ತೀರಾ? ಬದಲಿಸುವುದಾದರೆ ಯಾವ ಪಟ್ಟಿಯಂತೆ? ವಿದೇಶಿ ಅಂಕಪಟ್ಟಿ ಅಳೆಯುವ ಸಂಸ್ಥೆಯ ವರದಿ ತಂದರೆ ಒಪ್ಪುತ್ತೀರಾ? ಎಂಟರಿಂದಾಚೆಯ ಎಲ್ಲ ಮಾರ್ಕ್ಸ್ ಕಾರ್ಡುಗಳು, ಟಿಸಿ, ಪ್ರತಿ ವಿಷಯಕ್ಕೆ ವಾರಕ್ಕೆ ಎಷ್ಟು ಪೀರಿಯಡ್ ಇತ್ತು ಎಂಬ ಶಾಲೆಯ ಪತ್ರ, ಇಷ್ಟನ್ನು ಸೀಲ್ ಹಾಕಿಸಿಕೊಂಡೇ ವಿಮಾನ ಹತ್ತಿ.

ಪರ್ಸೆಂಟನ್ನು 25ರಿಂದ ಭಾಗಿಸುವ, ಹತ್ತರ ಸಿಜಿಪಿಎಯನ್ನು 0.4ರಿಂದ ಗುಣಿಸುವ ಮನೆಮದ್ದನ್ನು ಕಾಲೇಜು ಅರ್ಜಿಯಲ್ಲಿ ಬಳಸಬೇಡಿ. 85ನ್ನು 25ರಿಂದ ಭಾಗಿಸಿದರೆ 3.4, ಡಿಸ್ಟಿಂಕ್ಷನ್ ಬಂದ ಮಗುವನ್ನು ನೀವೇ ಕೆಳಗಿಳಿಸಿದಂತೆ. ಯುಸಿಯೂ ಸೇರಿ ಕಾಲೇಜುಗಳು ವಿದೇಶದ ಅಂಕಗಳನ್ನು ಪರಿವರ್ತಿಸದೆ, ಕಾರ್ಡಿನಲ್ಲಿ ಇರುವಂತೆಯೇ ಕೇಳುತ್ತವೆ.

ಕನ್ನಡ ಮಾಧ್ಯಮದಲ್ಲಿ ಓದಿ ಬಂದವರಿಗೆ ಒಂದು ಅನುಕೂಲ: ಆರನೇ ತರಗತಿ ಅಥವಾ ಅದರಿಂದ ಮೇಲೆ ಎರಡು ವರ್ಷ ಇಂಗ್ಲಿಷ್ ಅಲ್ಲದ ಮಾಧ್ಯಮದಲ್ಲಿ ಓದಿದ್ದರೆ ಯುಸಿಯ ಎರಡನೇ ಭಾಷೆಯ ನಿಯಮ ಪೂರೈಸಿದಂತೆ. ಅದರಿಂದ ಜಿಪಿಎಗೆ ಗ್ರೇಡ್ ಬರುವುದಿಲ್ಲ, ಆದರೆ ಸ್ಪ್ಯಾನಿಷಿಗೆ ಇಡುವ ಪೀರಿಯಡ್ ಬೇರೆ ಕೋರ್ಸಿಗೆ ಸಿಗುತ್ತದೆ.

ಎಂಟರಲ್ಲೇ ಆಲ್ಜೀಬ್ರಾ ಮುಗಿಸಿದವರದ್ದೂ ನೋಡಿಕೊಳ್ಳಬೇಕು. ಯುಸಿ ಅದನ್ನು ಕೋರ್ಸಾಗಿ ಒಪ್ಪುತ್ತದೆ, ಗ್ರೇಡನ್ನು ಎಣಿಸುವುದಿಲ್ಲ. ವರ್ಜೀನಿಯಾದಲ್ಲಿ ಮಿಡ್ಲ್ ಸ್ಕೂಲಿನಲ್ಲಿ ತೆಗೆದುಕೊಂಡ ಹೈಸ್ಕೂಲ್ ಕೋರ್ಸಿನ ಗ್ರೇಡನ್ನು ಟ್ರಾನ್ಸ್‌ಕ್ರಿಪ್ಟಿನಿಂದ ಬಿಡಿಸಿ ಎಂದು ಪೋಷಕರು ಕೇಳಬಹುದು. ಆಗ ಕ್ರೆಡಿಟ್ ಸಹ ಹೋಗುತ್ತದೆ. ಕಮ್ಯುನಿಟಿ ಕಾಲೇಜಿನಲ್ಲಿ (ಎರಡು ವರ್ಷದ ಸರ್ಕಾರಿ ಕಾಲೇಜು) ಹೈಸ್ಕೂಲ್ ಮಕ್ಕಳು ಕೋರ್ಸ್ ಮಾಡುವಾಗ ಬಂದ ಸಿ ಮಾತ್ರ ಕಾಲೇಜಿನ ದಾಖಲೆಯಲ್ಲಿ ಕಾಯಂ ಆಗಿ ಉಳಿಯುತ್ತದೆ, ಮುಂದೆ ಮೆಡಿಕಲ್ ಅರ್ಜಿ ತನಕ ಹಿಂಬಾಲಿಸುತ್ತದೆ.

ಜಿಪಿಎ ಏರಿಸುವ ಆಸೆ ಎಷ್ಟು ಇಟ್ಟುಕೊಳ್ಳಬಹುದು ಎಂಬುದನ್ನೂ ಕಾಗದದ ಮೇಲೆ ನೋಡಿ. ಹತ್ತರ ಕೊನೆಗೆ 24 ಗ್ರೇಡುಗಳಲ್ಲಿ 3.5 ಇದೆ, ಅಂದರೆ 84 ಅಂಕ. ಮುಂದಿನ ಸೆಮಿಸ್ಟರಿನಲ್ಲಿ ಆರಕ್ಕೆ ಆರೂ ಎ ಬಂದರೂ 108 ಭಾಗಿಸು 30, ಅಂದರೆ 3.6. ಹನ್ನೊಂದನೇ ತರಗತಿ ಪೂರ್ತಿ ಎ ಎಂದರೆ 132 ಭಾಗಿಸು 36, 3.67. "ಮುಂದಿನ ವರ್ಷ ಸರಿ ಮಾಡಿಕೊಳ್ಳೋಣ" ಎನ್ನುವ ಮಗುವಿಗೆ ಬೈಯುವ ಬದಲು ಈ ಮೂರು ಸಾಲು ಬರೆದು ತೋರಿಸಿದರೆ ಅದಕ್ಕೇ ಅರ್ಥವಾಗುತ್ತದೆ.

ಹನ್ನೊಂದು ಮುಗಿದ ಜೂನಿನಲ್ಲಿ ಟ್ರಾನ್ಸ್‌ಕ್ರಿಪ್ಟಿನ ಪ್ರತಿ ತರಿಸಿ, ಹಳೆಯ ರಿಪೋರ್ಟ್ ಕಾರ್ಡುಗಳ ಪಕ್ಕ ಇಟ್ಟು ಸಾಲು ಸಾಲಾಗಿ ಹೋಲಿಸಿ. ಆನರ್ಸ್ ಗುರುತು ಬಿಟ್ಟುಹೋಗಿರುವುದು, ಬೇರೆ ಶಾಲೆಯಿಂದ ಬಂದ ಗ್ರೇಡ್ ಎರಡು ಸಲ ಏರಿರುವುದು, ಬೇಸಿಗೆ ಕೋರ್ಸ್ ಕಾಣೆಯಾಗಿರುವುದು ಆಗಾಗ ಸಿಗುವ ತಪ್ಪುಗಳು. ಇವನ್ನು ತಿದ್ದುವುದು ರಿಜಿಸ್ಟ್ರಾರ್. ಆಗಸ್ಟಿನಲ್ಲಿ ಹೋದರೆ ಕೂಡಲೇ ಆಗುತ್ತದೆ, ಅಕ್ಟೋಬರಿನಲ್ಲಿ ಅರ್ಜಿಗಳ ಗಲಾಟೆಯ ನಡುವೆ ಸರದಿಯಲ್ಲಿ ಕಾಯಬೇಕಾಗುತ್ತದೆ.