ಅಷ್ಟಾಗಿ ಹೆಸರು ಮಾಡದ ಫ್ರೆಂಚ್ ನಟಿಯ ಚಿತ್ರಪಟ್ಟಿ ಕಟ್ಟುವ ಬಗೆ

ಮೊದಲು ಆಕೆಯ ಹುಟ್ಟುಹೆಸರು ಹುಡುಕಿ; ತೆರೆಯ ಹೆಸರನ್ನೇ ನಂಬಿದರೆ ಇಬ್ಬರು ನಟಿಯರು ಒಬ್ಬಳಾಗಿಬಿಡುತ್ತಾರೆ. ಫ್ರಾನ್ಸ್‌ನಲ್ಲಿ 75 ವರ್ಷ ದಾಟಿದ ಜನನ ದಾಖಲೆ ಎಲ್ಲರಿಗೂ ಮುಕ್ತ. ಅದರ ಅಂಚಿನ ಟಿಪ್ಪಣಿಯಲ್ಲಿ ಮದುವೆ, ಎಷ್ಟೋ ಸಲ ಸಾವಿನ ತಾರೀಖೂ ಸಿಗುತ್ತದೆ. ಆಮೇಲೆ ರಾಷ್ಟ್ರೀಯ ಗ್ರಂಥಾಲಯದ ಡಿಜಿಟಲ್ ಸಂಗ್ರಹವಾದ ಗ್ಯಾಲಿಕಾದಲ್ಲಿ ಹಳೆಯ ಪತ್ರಿಕೆಗಳನ್ನು ಜಾಲಾಡಿ.

1930ರ ದಶಕದ ಆರಂಭದ ಚಿತ್ರಗಳಲ್ಲಿ ಮಾತ್ರ ಹುಷಾರು. ಪ್ಯಾರಿಸ್ ಬಳಿಯ ಜ್ವಾನ್‌ವಿಲ್ ಸ್ಟುಡಿಯೊದಲ್ಲಿ ಪ್ಯಾರಾಮೌಂಟ್ ಒಂದೇ ಕಥೆಯನ್ನು ಹಲವು ಭಾಷೆಗಳಲ್ಲಿ, ಬೇರೆ ಬೇರೆ ತಾರಾಗಣದೊಂದಿಗೆ ತೆಗೆಯುತ್ತಿತ್ತು. ಹಾಗಾಗಿ ಆಕೆ ನಟಿಸದ ಆವೃತ್ತಿಯೂ ಪಟ್ಟಿಗೆ ನುಸುಳುತ್ತದೆ. ಪೋಸ್ಟರ್ ಸಾಲದು, ಚಿತ್ರದ ಪ್ರತಿ ಸಿಕ್ಕರೆ ಟೈಟಲ್ ಕಾರ್ಡನ್ನೇ ನಿಲ್ಲಿಸಿ ಓದಿ. ಸಣ್ಣ ಪಾತ್ರದವರ ಹೆಸರು ಅಲ್ಲೂ ಇರದಿದ್ದರೆ, ಪ್ಯಾರಿಸ್‌ನ ಬೆರ್ಸಿಯಲ್ಲಿರುವ ಸಿನೆಮಾತೆಕ್ (ಚಲನಚಿತ್ರ ಸಂಗ್ರಹಾಲಯ) ಗ್ರಂಥಾಲಯದ ಸ್ಟಿಲ್ ಫೋಟೊಗಳೇ ಗತಿ. ಬೆಲ್ಜಿಯಂನಲ್ಲೂ ನಟಿಸಿದ್ದರೆ ಬ್ರಸೆಲ್ಸ್‌ನ ಸಿನೆಮಾತೆಕ್ ಬಿಡಬೇಡಿ.