ಗುಡ್ಡದ ಮಗ್ಗುಲಲ್ಲೊಂದು ವೈದ್ಯಶಾಲೆ: ಕಾಲದ ಗತಿ ಬದಲಾಗುವ ಕಥೆಯನ್ನು ಕಟ್ಟುವ ಬಗೆ

ಒಂದೊಂದು ಕೋಣೆಯಲ್ಲಿ ಕಾಲ ಒಂದೊಂದು ಗತಿಯಲ್ಲಿ ಸಾಗುವ ವೈದ್ಯಕೀಯ ಶಾಲೆಯನ್ನು ಕಥೆಯಲ್ಲಿ ಕಟ್ಟಲು ಹೊರಡುವವರು ಮೊಟ್ಟಮೊದಲು ಒಂದು ಪ್ರಶ್ನೆಯನ್ನು ಇತ್ಯರ್ಥ ಮಾಡಿಕೊಳ್ಳಬೇಕು: ಚಿಕಿತ್ಸೆಯ ಹೊತ್ತನ್ನು ಯಾರ ಗಡಿಯಾರದಿಂದ ಎಣಿಸುವುದು? ರೋಗಿಯ ಮೈಯೊಳಗಿನ ಗಡಿಯಾರದಿಂದಲೇ ಎಣಿಸಬೇಕೆಂಬುದು ನನ್ನ ದೃಢವಾದ ಅಭಿಪ್ರಾಯ. ಸಾಪೇಕ್ಷತಾ ಸಿದ್ಧಾಂತ ಹೇಳುವುದೂ ಅದನ್ನೇ. ಕಾಲ ನಿಧಾನವಾದಲ್ಲಿ ಕೈಗಡಿಯಾರ, ನಾಡಿ, ಉಸಿರು, ರಕ್ತದಲ್ಲಿ ಹರಿಯುವ ವಿಷ ಎಲ್ಲವೂ ಒಂದೇ ಪ್ರಮಾಣದಲ್ಲಿ ನಿಧಾನವಾಗುತ್ತವೆ. ಒಳಗಿದ್ದವರಿಗೆ ಯಾವ ವ್ಯತ್ಯಾಸವೂ ಗೊತ್ತಾಗುವುದಿಲ್ಲ. ನಿಜ ಜಗತ್ತಿನಲ್ಲಿ ಈ ವ್ಯತ್ಯಾಸ ತೀರ ಸಣ್ಣದು. ಜಿಪಿಎಸ್ ಉಪಗ್ರಹಗಳ ಗಡಿಯಾರಗಳು ನೆಲದ ಗಡಿಯಾರಗಳಿಗಿಂತ ದಿನಕ್ಕೆ ಸುಮಾರು 38 ಮೈಕ್ರೊಸೆಕೆಂಡಿನಷ್ಟು ಮುಂದೆ ಓಡುತ್ತವೆ, ಅಷ್ಟೇ. ಕಥೆಗಾರರು ಅದನ್ನು ಹಿಗ್ಗಿಸಬಹುದು, ಆದರೆ ಹಿಗ್ಗಿಸಿದ ಮೇಲೆ ಲೆಕ್ಕ ತಪ್ಪಬಾರದು.

ಸ್ಥಳವನ್ನು ದೂರ ಹುಡುಕಬೇಕಾಗಿಲ್ಲ. ಕೊಪ್ಪಳ ಜಿಲ್ಲೆಯ ಗಂಗಾವತಿ ಸಮೀಪದ ಹಿರೇಬೆಣಕಲ್ಲಿನಲ್ಲಿ, ಜನ ಮೋರ್ಯರ ಗುಡ್ಡವೆಂದು ಕರೆಯುವ ಬೆಟ್ಟದ ಮೇಲೆ, ಎರಡು ಸಾವಿರ ವರ್ಷಗಳಿಗೂ ಹಿಂದಿನ ಬೃಹತ್ ಶಿಲಾಯುಗದ ಕಲ್ಲುಮನೆಗಳಿವೆ. ಚಪ್ಪಡಿಗಳನ್ನು ನಿಲ್ಲಿಸಿ ಮೇಲೊಂದು ಚಪ್ಪಡಿ ಹೊದಿಸಿದ ಆ ಕೋಣೆಗಳಲ್ಲಿ ಕೆಲವಕ್ಕೆ ದುಂಡನೆಯ ಕಿಂಡಿಯಿದೆ. ಬಂಡೆಯೊಂದರ ಮೇಲೆ, ಹೊಡೆದರೆ ದೂರದವರೆಗೆ ಕೇಳುವ ಕಲ್ಲಿನ ನಗಾರಿಯೂ ಇದೆ. ಅವು ಸತ್ತವರ ನೆನಪಿಗೆ ಕಟ್ಟಿದ ಮನೆಗಳಾದ್ದರಿಂದ ಅವುಗಳನ್ನೇ ವಾರ್ಡುಗಳನ್ನಾಗಿ ಮಾಡುವುದು ನನಗೆ ಒಪ್ಪಿಗೆಯಿಲ್ಲ. ಶಾಲೆಯನ್ನು ಪಕ್ಕದ ಗುಡ್ಡದ ಮಗ್ಗುಲಲ್ಲಿ ಕಟ್ಟಿ, ಕಿಂಡಿಯನ್ನೂ ನಗಾರಿಯನ್ನೂ ಅಲ್ಲಿಂದ ಎರವಲು ಪಡೆದರೆ ಸಾಕು.

ಮುಂದಿನದು ಪ್ರಮಾಣ. ಅದನ್ನು 60 ಎಂದು ಇಟ್ಟುಕೊಳ್ಳಿ: ನಿಧಾನದ ಕೋಣೆಯಲ್ಲಿ ಕಾಲ ಹೊರಗಿನದಕ್ಕಿಂತ 60 ಪಟ್ಟು ನಿಧಾನವಾಗಿ, ಬೇಗದ ಕೋಣೆಯಲ್ಲಿ 60 ಪಟ್ಟು ಬೇಗ ಸಾಗಲಿ. ನಮ್ಮ ಹಳೆಯ ಲೆಕ್ಕದಲ್ಲಿ ಒಂದು ಘಳಿಗೆಗೆ 24 ನಿಮಿಷ, ಒಂದು ವಿಘಳಿಗೆಗೆ 24 ಸೆಕೆಂಡು; ಅಂದರೆ ಹೊರಗಿನ ಒಂದು ಘಳಿಗೆ ನಿಧಾನದ ಕೋಣೆಯಲ್ಲಿ ಸರಿಯಾಗಿ ಒಂದು ವಿಘಳಿಗೆಯಾಗುತ್ತದೆ. ಹೊರಗೆ ಘಳಿಗೆಗೊಮ್ಮೆ ನಗಾರಿ ಬಾರಿಸಿದರೆ ಒಳಗಿನವರಿಗೆ ಅದು 24 ಸೆಕೆಂಡಿಗೊಮ್ಮೆ, ಗುಡುಗಿನ ಗಾಂಭೀರ್ಯ ಕಳೆದುಕೊಂಡು ಜೀರುಂಡೆಯ ದನಿಯಷ್ಟು ತೆಳ್ಳಗೆ ಕೇಳುತ್ತದೆ. ಬಿಸಿಲಿನ ವಿಷಯದಲ್ಲಿ ಮಾತ್ರ ಎಚ್ಚರ ಬೇಕು: ಹೊರಗೆ ಒಂದು ತಾಸಿನಲ್ಲಿ ಬೀಳುವ ಬಿಸಿಲು ಒಳಗೆ ಒಂದೇ ನಿಮಿಷದಲ್ಲಿ ಬಂದು ಸುರಿಯುತ್ತದೆ, ಅದೂ ಹೆಚ್ಚು ತೀಕ್ಷ್ಣವಾಗಿ. ನಮ್ಮ ಸೀಮೆಯ ಬೇಸಿಗೆಯಲ್ಲಿ ಅದು ರೋಗಿಯನ್ನು ಸುಟ್ಟುಬಿಡುತ್ತದೆ. ಆದ್ದರಿಂದ ಕೋಣೆಗೆ ಕಿಟಕಿ ಬೇಡ. ದಪ್ಪ ಚಪ್ಪಡಿಯ ಬಾಗಿಲು ಸದಾ ಮುಚ್ಚಿರಲಿ.

ಇನ್ನು ನಿಧಾನದ ಕೋಣೆಯ ಕೆಲಸ. ಅದು ರೋಗವನ್ನು ಗುಣಪಡಿಸುವುದಿಲ್ಲ, ಔಷಧ ಬಂದು ಸೇರುವವರೆಗೆ ರೋಗಿಯನ್ನು ಕಾಯ್ದಿಡುತ್ತದೆ. ತುಂಗಭದ್ರಾ ಎಡದಂಡೆ ಕಾಲುವೆಯ ಗದ್ದೆಗಳಲ್ಲಿ ಹಾವು ಕಡಿತ ಅಪರೂಪದ ಸಂಗತಿಯಲ್ಲ. ನಮ್ಮ ದೊಡ್ಡಪ್ಪನಿಗೆ ಕೊಳಕುಮಂಡಲ ಕಡಿದಾಗ ನರ್ಸಮ್ಮ ಬಾವು ಏರಿದಲ್ಲಿಗೆ ಬಾಲ್ ಪೆನ್ನಿನಿಂದ ಗೆರೆ ಎಳೆದು ಪಕ್ಕದಲ್ಲಿ 7-40 ಎಂದು ಬರೆದದ್ದನ್ನೂ, ಸ್ವಲ್ಪ ಹೊತ್ತಿನ ಮೇಲೆ ಬಾವು ಆ ಗೆರೆಯನ್ನು ದಾಟಿದ್ದನ್ನೂ ನಾನು ಕಣ್ಣಾರೆ ನೋಡಿದ್ದೇನೆ. ನಿಮ್ಮ ಶಾಲೆಯಲ್ಲಿಯೂ ಆ ಗೆರೆ ಇರಲಿ. ಪ್ರತಿವಿಷ ಬರಲು ಹೊರಗೆ ಎರಡು ತಾಸು ಹಿಡಿದರೆ ರೋಗಿಗೆ ಕಳೆಯುವುದು ಎರಡೇ ನಿಮಿಷ. ಬಾವು ಗೆರೆಯ ಬಳಿಯಲ್ಲೇ ನಿಂತಿರುತ್ತದೆ. ಚಪ್ಪಡಿ ಮುಚ್ಚಿದ ಮೇಲೆ ಜೀವವಿದೆಯೇ ಎಂದು ತಿಳಿಯಲು ರೋಗಿಯ ಎದೆಗೆ ಹತ್ತಿಯ ದಾರ ಕಟ್ಟಿ, ಕಿಂಡಿಯ ಮೂಲಕ ಹೊರತಂದು, ತುದಿಗೆ ಮಣಿಯೊಂದನ್ನು ತೂಗುಬಿಡಬಹುದು. ನಿಮಿಷಕ್ಕೆ 15 ಉಸಿರು ಎಂದಾದರೆ ಆ ಮಣಿ ಒಮ್ಮೆ ಏರಿ ಇಳಿಯಲು ನಾಲ್ಕು ನಿಮಿಷ ಬೇಕು. ಮೊದಲ ವರ್ಷದ ವಿದ್ಯಾರ್ಥಿನಿ ಗೋಡೆಗೆ ಒರಗಿ ಆ ಮಣಿಯನ್ನೇ ನೋಡುತ್ತ ಕುಳಿತ ದೃಶ್ಯವನ್ನು ಅವಸರವಿಲ್ಲದೆ ಬರೆಯಿರಿ.

ಬೇಗದ ಕೋಣೆಯಲ್ಲಿ ಬರಹಗಾರರು ಎಡವುವುದು ಹೆಚ್ಚು. ಮೂಳೆ ಮುರಿದವನನ್ನು ಅಲ್ಲಿಟ್ಟು, ಮರುದಿನ ಎದ್ದು ನಡೆದನೆಂದು ಬರೆದು ಮುಗಿಸುತ್ತಾರೆ. ಹೊರಗಿನವರಿಗೆ ಅದು 17 ತಾಸಿನ ಮಾತಾದರೂ ಅವನು ಒಳಗೆ ಪೂರ್ತಿ ಆರು ವಾರ ಮಲಗಿರುತ್ತಾನೆ, ಆರು ವಾರದ ಊಟ ಉಣ್ಣುತ್ತಾನೆ, ಅವನ ಆಯುಷ್ಯದಲ್ಲಿ ಆರು ವಾರ ಕಳೆದುಹೋಗುತ್ತವೆ. ಓದುವವರಿಗೂ ಇದೇ ನ್ಯಾಯ. ಎಂಬಿಬಿಎಸ್‌ನ ನಾಲ್ಕೂವರೆ ವರ್ಷದ ಪಾಠ ಹೊರಗಿನ ಸುಮಾರು 27 ದಿನಗಳಲ್ಲಿ ಮುಗಿಯಬಹುದು. ಆದರೆ ದಿನಕ್ಕೆ ಅರ್ಧ ಕಿಲೋ ಅಕ್ಕಿ ಎಂದು ಹಿಡಿದರೂ ನೂರು ವಿದ್ಯಾರ್ಥಿಗಳಿಗೆ ಗಂಗಾವತಿಯ ಮಿಲ್ಲಿನಿಂದ ಪ್ರತಿದಿನ 30 ಕ್ವಿಂಟಲ್ ಅಕ್ಕಿ ಗುಡ್ಡ ಹತ್ತಬೇಕಾಗುತ್ತದೆ. ಹೊರಗಿನ ರೋಗಿಗಳು ಅರವತ್ತು ಪಟ್ಟು ಬೇಗ ಬರುವುದಿಲ್ಲವಾದ್ದರಿಂದ ರೋಗಿಯ ಬಳಿ ನಿಂತು ಕಲಿಯುವುದನ್ನೂ ಒಂದು ವರ್ಷದ ಇಂಟರ್ನ್‌ಶಿಪ್ಪನ್ನೂ ಹೊರಗಿನ ಕಾಲದಲ್ಲಿಯೇ ಮುಗಿಸಬೇಕೆಂದು ನಿಯಮ ಮಾಡಿ. ಹತ್ತೊಂಬತ್ತರ ತಂಗಿ ಒಂದು ತಿಂಗಳೊಳಗೆ ಇಪ್ಪತ್ತಮೂರೂವರೆಯವಳಾಗಿ ಮನೆಗೆ ಬರುತ್ತಾಳೆ, ಇಪ್ಪತ್ತೆರಡರ ಅಕ್ಕ ರೊಟ್ಟಿ ತಟ್ಟುವ ಕೈ ನಿಲ್ಲಿಸಿ, "ಈಗ ನಾ ನಿನಗ ಅಕ್ಕಾ ಅನ್ಬೇಕೇನವಾ?" ಎಂದು ಕೇಳುತ್ತಾಳೆ. ತಂಗಿ ಏನು ಹೇಳಿದಳೆಂಬುದನ್ನು ನೀವು ಬರೆಯಬೇಕು.

ಹೊಸಿಲಿನ ನಿಯಮಗಳು ಕಟ್ಟುನಿಟ್ಟಾಗಿರಲಿ. ಹೃದಯ ಒಂದು ಕಾಲದಲ್ಲಿ, ಕಾಲು ಇನ್ನೊಂದು ಕಾಲದಲ್ಲಿ ಉಳಿದರೆ ರಕ್ತ ಸರಿಯಾಗಿ ಹರಿಯಲಾರದು; ಆದ್ದರಿಂದ ಮಂಚ ನಿಲ್ಲದೆ ಒಮ್ಮೆಲೇ ದಾಟಬೇಕು, ಗ್ಲೂಕೋಸ್ ನಳಿಗೆ ಎಂದಿಗೂ ಹೊಸಿಲಿಗೆ ಅಡ್ಡವಾಗಿರಬಾರದು. ಕೇಸ್ ಶೀಟಿನಲ್ಲಿ ಎರಡು ಸಾಲು ಇರಲಿ, ಒಂದು ಗೋಡೆಯ ಗಡಿಯಾರಕ್ಕೆ, ಒಂದು ರೋಗಿಯ ಹೊತ್ತಿಗೆ. ಮುಂದಿನ ಮಾತ್ರೆಯ ಹೊತ್ತು, ನಾಯಿ ಕಡಿದವರ ಚುಚ್ಚುಮದ್ದಿನ 0, 3, 7, 14, 28ನೇ ದಿನಗಳು ಎಲ್ಲವೂ ಎರಡನೆಯ ಸಾಲಿಗೆ ಸೇರಿದವು. ಔಷಧದ ಸೀಸೆಯ ಅವಧಿ ಸೀಸೆ ಇದ್ದ ಕೋಣೆಯ ಕಾಲದಿಂದ ಮುಗಿಯುತ್ತದೆ.

ಎರಡೂ ಕೋಣೆಗಳು ಜೊತೆಯಾಗಿ ದುಡಿಯುವ ಒಂದು ಗಳಿಗೆಯನ್ನು ಕಥೆಯಲ್ಲಿ ಅವಶ್ಯವಾಗಿ ತನ್ನಿ. ಹಾವು ಕಡಿದವರ 2 ಮಿಲಿಲೀಟರ್ ರಕ್ತವನ್ನು ಒಣಗಿದ, ಶುಭ್ರವಾದ ಗಾಜಿನ ನಳಿಕೆಯಲ್ಲಿ 20 ನಿಮಿಷ ಅಲುಗಾಡಿಸದೆ ಇಟ್ಟು ಓರೆ ಮಾಡಿ ನೋಡುವ ಪರೀಕ್ಷೆಯುಂಟು. ರಕ್ತ ಹೆಪ್ಪುಗಟ್ಟದೆ ನೀರಾಗಿಯೇ ಹರಿದರೆ ವಿಷವೇರಿದೆ ಎಂದರ್ಥ. ರೋಗಿಯನ್ನು ನಿಧಾನದ ಕೋಣೆಗೆ ಸಾಗಿಸುವ ಮುನ್ನ ರಕ್ತ ತೆಗೆದು, ನಳಿಕೆಯನ್ನು ಬೇಗದ ಕೋಣೆಗೆ ಕಳಿಸಿದರೆ ಹೊರಗಿನ 20 ಸೆಕೆಂಡಿನಲ್ಲಿ ಉತ್ತರ ಸಿಗುತ್ತದೆ. ಅಷ್ಟರಲ್ಲಿ ರೋಗಿಯ ಹೃದಯ ಒಂದು ಸಲವೂ ಪೂರ್ತಿ ಬಡಿದಿರುವುದಿಲ್ಲ. ನಳಿಕೆಯ ಮುಂದೆ ಕುಳಿತು ಕಾಯ್ದ ವಿದ್ಯಾರ್ಥಿನಿ ಹೊರಬಂದ ಕೂಡಲೇ ಬಾಗಿಲ ಬಳಿ ತೂಗುಹಾಕಿದ ತನ್ನ ವಯಸ್ಸಿನ ಪುಸ್ತಕ ತೆಗೆದು, ಅಂದಿನ ಲೆಕ್ಕಕ್ಕೆ 20 ನಿಮಿಷ ಕೂಡಿಸಿ ಸಹಿ ಮಾಡಲಿ.