ಕೋಂದೆಗಳಿಗೆ ಇಸಿ ತೆಗೆಸಿದೆ

1826ರ ಮೇ ತಿಂಗಳಲ್ಲಿ ಮೆಕ್ಸಿಕೊ ಸರ್ಕಾರ ಕೋಂದೆ (ಅಂದರೆ ಕೌಂಟ್), ಮಾರ್ಕೆಸ್ ಥರದ ದೊಡ್ಡ ಮನೆತನಗಳ ಬಿರುದುಗಳನ್ನೆಲ್ಲ ರದ್ದು ಮಾಡಿತು. ಅಲ್ಲಿಂದಾಚೆ ಆ ಮನೆತನಗಳು ದಾಖಲೆಗಳಲ್ಲಿ ಕರಗಿಹೋಗುತ್ತವೆ. "ನಿನ್ನೆವರೆಗೆ ಕೋಂದೆ ಆಗಿದ್ದವನು ಇವತ್ತು ಬರೀ ಪೆದ್ರೊ. ಸಾವಿರ ಪೆದ್ರೊಗಳಲ್ಲಿ ಅವನನ್ನು ಎಲ್ಲಿ ಹುಡುಕ್ತೀಯ?" ಅಂತ ನನಗೆ ಹೇಳದವರಿಲ್ಲ. ನನ್ನ ಸಂಶೋಧನೆಯ ಗೈಡೂ ಹಾಗೇ ಅಂದಿದ್ದರು. ನಾನು ಹಿಡಿದದ್ದು ಹದಿನಾಲ್ಕು ಮನೆತನ. ಹನ್ನೊಂದನ್ನು 1850ರ ದಶಕದವರೆಗೆ ತಂದು ನಿಲ್ಲಿಸಿದ್ದೇನೆ. ಅದಕ್ಕೇ ಇದನ್ನು ಬರೀತಿದ್ದೇನೆ.

ಮೊದಲು ಸೋತದ್ದನ್ನು ಹೇಳಿಬಿಡ್ತೀನಿ. ಮೊದಲ ಒಂದೂವರೆ ವರ್ಷ ಬೆಂಗಳೂರಲ್ಲೇ ಕೂತು ಮೆಕ್ಸಿಕೊ ನಗರದ ಚರ್ಚುಗಳ ದೀಕ್ಷಾಸ್ನಾನ, ಮದುವೆ ಪುಸ್ತಕಗಳ ಸ್ಕ್ಯಾನ್ ಓದಿದೆ. ಎಲ್ಲರೂ ಅಲ್ಲಿಂದಲೇ ಶುರು ಮಾಡ್ತಾರೆ ಅಲ್ವಾ? ಹಿಂದೆ 'ಎಸ್ಪಾನ್ಯೋಲ್', ಅಂದರೆ ಸ್ಪೇನ್ ಮೂಲದ ಮಕ್ಕಳಿಗೆ ಒಂದು ಪುಸ್ತಕ, ಮಿಶ್ರ ಜಾತಿಯವರಿಗೆ ಇನ್ನೊಂದು. 1822ರಲ್ಲಿ ಜಾತಿ ನಮೂದಿಸಬಾರದು ಅಂತ ಆದೇಶ ಬಂತು. ಒಳ್ಳೆಯ ಕೆಲಸವೇ. ಆದರೆ ಹುಡುಕುವವನಿಗೆ ಜರಡಿಯೇ ಕೈತಪ್ಪಿತು. ಒಂದೇ ಮನೆತನದಲ್ಲಿ ನನಗೆ ಮೂವರು ಹೊಸೆ ಮರಿಯಾ ಸಿಕ್ಕರು. ಯಾರು ಯಾರ ಮಗ ಅಂತ ಇವತ್ತಿಗೂ ಪೂರ್ತಿ ಬಿಡಿಸಿಲ್ಲ.

ಆಮೇಲೆ ಕೈಬರಹ ಓದಿಕೊಡಲು ಒಬ್ಬರಿಗೆ ಸುಮಾರು 18 ಸಾವಿರ ರೂಪಾಯಿ ಕೊಟ್ಟೆ. 'ಡಿಚೊ' ಅಂದರೆ 'ಮೇಲೆ ಹೇಳಿದ'. ಅದರ ಸಂಕ್ಷೇಪವನ್ನೇ ಅವರು ಒಬ್ಬ ಮನುಷ್ಯನ ಹೆಸರು ಅಂದುಕೊಂಡಿದ್ದರು. ಎರಡು ತಿಂಗಳು ನಾನು ಆ ಇಲ್ಲದ ಮನುಷ್ಯನ ಹಿಂದೆ ಓಡಾಡಿದ್ದೇನೆ. ನಗಬೇಡಿ.

ದಾರಿ ಕಂಡದ್ದು ಮನೆಯಲ್ಲಿ. ಅಪ್ಪ ಒಂದು ಸೈಟು ನೋಡಿ ಬಂದು, ಮೊದಲು ಇಸಿ ತೆಗೆಸು ಅಂದರು. ಸೈಟು ಯಾರ ಹೆಸರಲ್ಲಿದೆ ಅನ್ನೋದಲ್ಲ, ಅದರ ಮೇಲೆ ಯಾರ ಸಾಲ ಇದೆ ಅನ್ನೋದು ಮುಖ್ಯ ಅಂತ ಅವರ ವಾದ. ಅಷ್ಟರಲ್ಲಿ ನನಗೆ ಹೊಳೆಯಿತು. ಬಿರುದು ಹೋಗಬಹುದು, ಸಾಲ ಎಲ್ಲಿಗೆ ಹೋಗುತ್ತೆ?

ಆ ಕಾಲದ ಹಸಿಯೆಂದಾಗಳ, ಅಂದರೆ ದೊಡ್ಡ ಜಮೀನುಗಳ ಮೇಲೆ ಹೆಚ್ಚಾಗಿ ಚರ್ಚಿನ ಸಾಲ ಇರುತ್ತಿತ್ತು. ವರ್ಷಕ್ಕೆ ನೂರಕ್ಕೆ 5 ಬಡ್ಡಿ. ಬಡ್ಡಿ ಸರಿಯಾಗಿ ಕಟ್ಟುತ್ತಿದ್ದರೆ ಅಸಲನ್ನು ಯಾರೂ ಕೇಳುತ್ತಿರಲಿಲ್ಲ. ಅಜ್ಜನ ಸಾಲಕ್ಕೆ ಮೊಮ್ಮಗ ಬಡ್ಡಿ ಕಟ್ಟುತ್ತಿದ್ದ. (1804ರಲ್ಲಿ, ಆಗ ಮೆಕ್ಸಿಕೊ ಆಳುತ್ತಿದ್ದ ಸ್ಪೇನಿನ ರಾಜ ಆ ಅಸಲನ್ನೆಲ್ಲ ಒಟ್ಟಿಗೆ ವಸೂಲಿ ಮಾಡಲು ಹೊರಟ. ದೊಡ್ಡ ಮನೆಯವರಿಗೆ ಸ್ಪೇನ್ ಮೇಲೆ ಮನಸ್ಸು ಮುರಿದದ್ದಕ್ಕೆ ಅದೂ ಒಂದು ಕಾರಣ.) ಕನ್ಯಾಮಠದ ಲೆಕ್ಕದವನಿಗೆ ನೀನು ಕೋಂದೆಯೋ ಪೆದ್ರೊನೋ ಮುಖ್ಯವಲ್ಲ. ಈ ಹಸಿಯೆಂದಾದ ಬಡ್ಡಿ ಈ ವರ್ಷ ಯಾರು ತಂದುಕೊಟ್ಟರು, ಅಷ್ಟೇ ಬರೆದುಕೊಳ್ಳುತ್ತಾನೆ. ಹಾಗಾಗಿ ನಾನು ಮನುಷ್ಯರನ್ನು ಬಿಟ್ಟು ಹಸಿಯೆಂದಾದ ಹೆಸರು ಹಿಡಿದೆ. ಬಡ್ಡಿ ಲೆಕ್ಕ, ಅಡಮಾನದ ಪುಸ್ತಕ, ನೋಟರಿ ಕಟ್ಟು, ಈ ಮೂರನ್ನೂ ಪಕ್ಕಪಕ್ಕ ಇಟ್ಟು ಓದಿದೆ.

ಇದಕ್ಕೆ ಅಲ್ಲಿಗೇ ಹೋಗಬೇಕಾಯಿತು. ಎರಡು ಸಲ ಹೋದೆ, ಒಟ್ಟು ಏಳು ತಿಂಗಳಿದ್ದೆ. ರೂಮಿಗೆ ತಿಂಗಳಿಗೆ ಸುಮಾರು 9 ಸಾವಿರ ಪೆಸೊ. ವಿಮಾನ, ಊಟ, ಫೋಟೊ ಎಲ್ಲ ಸೇರಿ ಏಳು ಲಕ್ಷ ರೂಪಾಯಿ ದಾಟಿತು. ಆ ಸೈಟು ಇವತ್ತಿಗೂ ಕೊಂಡಿಲ್ಲ. ರಾಷ್ಟ್ರೀಯ ದಫ್ತರಖಾನೆ ಇರೋದು ಲೆಕುಂಬೆರಿ ಅನ್ನೋ ಹಳೇ ಜೈಲಿನಲ್ಲಿ. ಸೆಲ್‌ಗಳಿದ್ದ ಸಾಲುಗಳಲ್ಲೇ ಕಾಗದ ಇಟ್ಟಿದ್ದರು. ನಾನೂ ಅಲ್ಲಿ ಒಂದು ಥರಾ ಶಿಕ್ಷೆ ಅನುಭವಿಸಿದೆ ಅನ್ನಿ.

ಜಾಸ್ತಿ ಫಲ ಕೊಟ್ಟದ್ದು 1823ರ ಕಾನೂನು. ಅಲ್ಲಿಯವರೆಗೆ ಈ ಮನೆತನಗಳ ಆಸ್ತಿ ಮಯೊರಾಸ್ಗೊ. ಅಂದರೆ ಒಬ್ಬನಿಗೇ ಸೇರಬೇಕು, ಮಾರುವ ಹಾಗಿಲ್ಲ, ಪಾಲು ಮಾಡುವ ಹಾಗಿಲ್ಲ. ಆ ವರ್ಷ ಅದನ್ನು ರದ್ದು ಮಾಡಿದರು. ಅರ್ಧವನ್ನು ಈಗಿನ ಯಜಮಾನ ಏನು ಬೇಕಾದರೂ ಮಾಡಿಕೊಳ್ಳಬಹುದು, ಇನ್ನರ್ಧ ಮುಂದಿನ ವಾರಸುದಾರನಿಗೆ. ಅರ್ಧ ಯಾವುದು ಅಂತ ಗೊತ್ತಾಗಬೇಕಾದರೆ ಬೆಲೆ ಕಟ್ಟಿಸಲೇಬೇಕಲ್ಲ! ಹೊಲ, ಹೇಸರಗತ್ತೆ, ಪುಲ್ಕೆ ಅನ್ನೋ ಹೆಂಡ ಇಳಿಸುವ ಕತ್ತಾಳೆ ಗಿಡ, ದೇವರ ಮನೆಯ ಬೆಳ್ಳಿ ಎಲ್ಲವೂ ಪಟ್ಟಿಯಾಗಿ ಕಾಗದಕ್ಕೆ ಬಂತು. ನನ್ನ ಕೇಳಿದರೆ ಬಿರುದು ರದ್ದಾದದ್ದು ಬರೀ ಅವಮಾನ. ಈ ಮನೆತನಗಳನ್ನು ನಿಜವಾಗಿ ಒಡೆದದ್ದು 1823.

ಹಾಗಂತ ಎಲ್ಲರೂ ಮುಳುಗಲಿಲ್ಲ. ರೆಗ್ಲಾ ಮನೆತನ ನೋಡಿ. 1821ರ ಸೆಪ್ಟೆಂಬರ್ 28ರ ಸ್ವಾತಂತ್ರ್ಯ ಪತ್ರಕ್ಕೆ ಮೂರನೇ ಕೋಂದೆ ಬಿರುದಿನಲ್ಲೇ ಸಹಿ ಹಾಕಿದ. 1824ರಲ್ಲಿ ನೀರು ತುಂಬಿದ್ದ ರಿಯಲ್ ದೆಲ್ ಮೊಂತೆಯ ಬೆಳ್ಳಿ ಗಣಿಗಳನ್ನು ಇಂಗ್ಲಿಷ್ ಕಂಪನಿಗೆ ಗುತ್ತಿಗೆಗೆ ಕೊಟ್ಟ. ಕಂಪನಿ ಇಂಗ್ಲೆಂಡಿನ ಕಾರ್ನ್‌ವಾಲ್‌ನಿಂದ ಆಳು ತಂದಿತು, ಸ್ಟೀಮ್ ಎಂಜಿನ್ ತಂದಿತು, ನನ್ನ ನೆನಪಿನ ಲೆಕ್ಕದಲ್ಲಿ 50 ಲಕ್ಷ ಪೆಸೊದಷ್ಟು ಕಳೆದುಕೊಂಡು 1849ರಲ್ಲಿ ಕೈಬಿಟ್ಟಿತು. ನೀರು ಎತ್ತುವ ಖರ್ಚು ಇಂಗ್ಲಿಷರ ತಲೆ ಮೇಲೆ! ಆ ಊರಿಗೂ ಹೋಗಿದ್ದೆ. ಕಾರ್ನ್‌ವಾಲ್‌ನವರು ಬಿಟ್ಟುಹೋದ 'ಪಾಸ್ತೆ' ಅಲ್ಲಿ ಇವತ್ತಿಗೂ ಸಿಗುತ್ತೆ. ನಮ್ಮ ಬೇಕರಿ ಪಫ್‌ನ ದೊಡ್ಡಣ್ಣ. ಹಾಗೆ ಉಳಿಯದೆ ಹೋದವರು ಕೊಆವಿಲಾದ ಆಗುವಾಯೊ ಮಾರ್ಕೆಸ್ ಮನೆಯವರು. ಅವರ ಅಷ್ಟು ದೊಡ್ಡ ಜಮೀನು ಕೊನೆಗೆ 1840ರಲ್ಲಿ ಸಾಂಚೆಸ್ ನವಾರೊ ಮನೆತನದ ಪಾಲಾಯಿತು.

ಒಂದು ಅಡ್ಡ ಪ್ರಯೋಗವೂ ಮಾಡಿದೆ. ಮನೆ ಮುಂದಿನ ಲಾಂಛನಗಳನ್ನು ಕೆತ್ತಿ ತೆಗೆಯಬೇಕು ಅಂತಲೂ 1826ರಲ್ಲಿ ಆದೇಶವಿತ್ತು. ನಗರದ ಹಳೇ ಬೀದಿಗಳಲ್ಲಿ ಎರಡು ವಾರ ಸುತ್ತಿ, ಉಳಿ ಬಿದ್ದ ಗುರುತು ಹುಡುಕಿದೆ. ಉಪಯೋಗವಾಗಲಿಲ್ಲ. ಯಾವುದು ಆದೇಶದಿಂದ ಹೋದದ್ದು, ಯಾವುದು ರಿಪೇರಿಯಲ್ಲಿ ಹೋದದ್ದು, ಯಾರು ಹೇಳಬೇಕು? ಸಂತಿಯಾಗೊ ಕೋಂದೆಯ ಮನೆಯ ಮೂಲೆಯಲ್ಲಿ ಅಸ್ತೆಕರ ಕಲ್ಲಿನ ಹಾವಿನ ತಲೆ ಮಾತ್ರ ಬಾಯಿ ತೆರೆದುಕೊಂಡು ಹಾಗೇ ಇತ್ತು.

ಛಾಪಾ ಕಾಗದದ ಪ್ರಯೋಗ ಮಾತ್ರ ಕೈಹಿಡಿಯಿತು. ಸ್ವಾತಂತ್ರ್ಯ ಬಂದ ಮೇಲೂ ರಾಜನ ಮೊಹರಿನ ಹಳೇ ಛಾಪಾ ಕಾಗದಕ್ಕೇ ಹೊಸ ಮುದ್ರೆ ಒತ್ತಿ ನಡೆಸುತ್ತಿದ್ದರು. ದಿನಾಂಕ ಹರಿದುಹೋದ ಪತ್ರಕ್ಕೆ ಆ ಮುದ್ರೆಯೇ ಸಾಕ್ಷಿ. ಒಂದೇ ಹೆಸರಿನ ಇಬ್ಬರು ಬಂದಾಗ ಹೆಸರು ಓದಲೇಬೇಡಿ, ಸಹಿಯ ಕೆಳಗಿನ ಸುರುಳಿ ಗೆರೆ ನೋಡಿ. ಸೂಚಿ ಇಲ್ಲದ ನೋಟರಿ ಕಟ್ಟಿನಲ್ಲಿ ಬೇಕಾದ ಪುಟಕ್ಕೆ ನಾನು ಅರ್ಧ ಗಂಟೆಯಲ್ಲಿ ಹೇಗೆ ಹೋಗ್ತೀನಿ ಅಂತ ಇಬ್ಬರು ಈಗಾಗಲೇ ಕೇಳಿದ್ದಾರೆ. ಅದನ್ನು ಲೇಖನ ಅಚ್ಚಾದ ಮೇಲೆ ಹೇಳ್ತೀನಿ.

ಇನ್ನೂ ಸಿಗದೆ ಉಳಿದ ಮೂರು ಮನೆತನಗಳಲ್ಲಿ ಎರಡರ ಸಾಲ ಪುವೆಬ್ಲಾ ಊರಿನ ಮಠಗಳದ್ದು. ಗೈಡ್ ಈಗ ಅವರೇ ಫೋನ್ ಮಾಡಿ, ಅಲ್ಲಿಗೆ ಯಾವಾಗ ಹೋಗ್ತೀಯ ಅಂತ ಕೇಳ್ತಾರೆ. ದುಡ್ಡು ಕೂಡಿಡ್ತಿದ್ದೇನೆ.